ನಗೆಗಾರನು ನಗಿಸಲೊಲ್ಲದ ರಾತ್ರಿ

(ಅಮಲು ವಿರೋಧಿ ಸಭೆಯೊಂದರಲ್ಲಿ ಮಾಡಿದ ಭಾಷಣದ ಬರಹ ರೂಪ)





ಮದ್ಯಪಾನದ ಬಗ್ಗೆ ಮಾತನಾಡಬೇಕೆಂದು ಸಂಘಟಕರು ನಮಗೆ ಸೂಚಿಸಿದ್ದಾರೆ. ಮದ್ಯವು ನಿಷಿದ್ಧವೆಂಬುದನ್ನು ಈ ಸಭೆಗೆ ವಿವರಿಸಿ ಹೇಳುವ ಅಗತ್ಯವಿಲ್ಲ. ಇಲ್ಲಿ ಕುಳಿತಿರುವ ಹತ್ತು ವರ್ಷದ ಬಾಲಕನಿಗೂ ಅದು ತಿಳಿದಿದೆ. ಆದುದರಿಂದ ಇಂದು ಆಜ್ಞೆಗಳ ಬದಲು ಒಬ್ಬ ಮನುಷ್ಯನ ಕುರಿತು ಮಾತನಾಡಲು ಬಯಸುತ್ತೇವೆ. ಆತ ಮುಸ್ಲಿಮನಲ್ಲ, ವಿದ್ವಾಂಸನಲ್ಲ, ಸಮಾಜ ಸುಧಾರಕನಂತೂ ಅಲ್ಲವೇ ಅಲ್ಲ. ವೇದಿಕೆಯ ಮೇಲೆ ಒಬ್ಬಂಟಿಯಾಗಿ ನಿಂತು ಜನರನ್ನು ನಗಿಸುವುದು ಆತನ ವೃತ್ತಿ. ಸ್ಕಾಟ್ಲೆಂಡಿನ ಕ್ರೇಗ್ ಫರ್ಗುಸನ್ ಎಂಬವರ ಹೆಸರನ್ನು ನಿಮ್ಮಲ್ಲಿ ಕೆಲವು ಯುವಕರಾದರೂ ಕೇಳಿರಬಹುದು. ಹಿರಿಯರು ಹುಬ್ಬೇರಿಸುವ ಮುನ್ನ ಸ್ವಲ್ಪ ತಾಳ್ಮೆಯಿಂದ ಆಲಿಸಬೇಕೆಂದು ಕೋರುತ್ತೇವೆ.

ಫರ್ಗುಸನ್ 1962ರ ಮೇ 17ರಂದು ಗ್ಲಾಸ್ಗೋ ನಗರದಲ್ಲಿ ಜನಿಸಿದರು. ಬೆಳೆದದ್ದು ಕಂಬರ್‌ನಾಲ್ಡ್ ಎಂಬ ಊರಿನಲ್ಲಿ. ಗ್ಲಾಸ್ಗೋದ ಕಿಕ್ಕಿರಿದ ವಠಾರಗಳಿಂದ ಜನರನ್ನು ಹೊರತಂದು ನೆಲೆಗೊಳಿಸುವುದಕ್ಕಾಗಿ ಸರಕಾರವು 1950ರ ದಶಕದಲ್ಲಿ ಯೋಜಿಸಿದ ಹೊಸ ಪಟ್ಟಣವದು. ತಂದೆ ಅಂಚೆ ಇಲಾಖೆಯ ನೌಕರ, ತಾಯಿ ಪ್ರಾಥಮಿಕ ಶಾಲೆಯ ಶಿಕ್ಷಕಿ, ಮಕ್ಕಳು ನಾಲ್ವರು. ಅಂದರೆ ನಮ್ಮ ಪಟ್ಟಣಗಳಲ್ಲಿ ನಾವು 'ಮರ್ಯಾದಸ್ಥರ ಮನೆ' ಎಂದು ಕರೆಯುವಂತಹ ಮನೆ. ಕುಡಿತವು ಹಾಳು ಮನೆಗಳಲ್ಲಿ ಮಾತ್ರ ಹುಟ್ಟುತ್ತದೆಂದು ನಂಬಿರುವವರು ಈ ಅಂಶವನ್ನು ಗಮನಿಸಬೇಕು. ಆ ತಂದೆ ತಾಯಿ ದುಡಿಯುವವರಾಗಿದ್ದರು, ಶಿಸ್ತಿನವರಾಗಿದ್ದರು. ಆದರೂ ಮಗ ಹದಿಹರೆಯದಲ್ಲೇ ಮದ್ಯದ ರುಚಿ ಕಂಡ.

16ನೆಯ ವಯಸ್ಸಿನಲ್ಲಿ ಶಾಲೆ ಬಿಟ್ಟ ಹುಡುಗ ಊರಿನಲ್ಲಿದ್ದ ಬರೋಸ್ ಎಂಬ ಅಮೆರಿಕನ್ ಕಂಪೆನಿಯ ಕಾರ್ಖಾನೆಯಲ್ಲಿ ಎಲೆಕ್ಟ್ರಾನಿಕ್ಸ್ ಕೆಲಸ ಕಲಿಯಲು ಅಪ್ರೆಂಟಿಸ್ ಆಗಿ ಸೇರಿಕೊಂಡ. ಬಳಿಕ ಸಂಗೀತ ತಂಡಗಳಲ್ಲಿ ಡ್ರಮ್ ಬಾರಿಸಿದ. ಅಂತಹ ಒಂದು ತಂಡದ ಗಾಯಕ ಪೀಟರ್ ಕಪಾಲ್ಡಿ, ಮುಂದೆ ಬ್ರಿಟನ್ನಿನ ಹೆಸರಾಂತ ನಟರಾದವರು. ಹಾಸ್ಯದತ್ತ ಹೊರಳುವಂತೆ ಫರ್ಗುಸನ್‌ರನ್ನು ಹುರಿದುಂಬಿಸಿದವರಲ್ಲಿ ಅವರೂ ಒಬ್ಬರು.

ಹಾಗೆ ವೇದಿಕೆಯೇರಿದ ಫರ್ಗುಸನ್ ಒಂದು ಪಾತ್ರವನ್ನು ಸೃಷ್ಟಿಸಿದರು. ಅದರ ಹೆಸರೇ ವಿಚಿತ್ರ - ಬಿಂಗ್ ಹಿಟ್ಲರ್. ಆಗ ಸ್ಕಾಟ್ಲೆಂಡಿನ ಪ್ರತಿಯೊಂದು ಸಮಾರಂಭದಲ್ಲೂ ದೇಶಭಕ್ತಿಯನ್ನು ಗಂಟಲು ಹರಿಯುವಂತೆ ಕಿರುಚುವ ಜಾನಪದ ಗಾಯಕರ ಹಾವಳಿಯಿತ್ತು. ಅವರ ಅಣಕವೇ ಈ ಪಾತ್ರ. 1986ರ ಎಡಿನ್‌ಬರೋ ಕಲೋತ್ಸವದಲ್ಲಿ ಅದು ಭಾರೀ ಜನಪ್ರಿಯವಾಯಿತು. ದೇಶಪ್ರೇಮವನ್ನು ಧ್ವನಿಯ ಎತ್ತರದಿಂದ ಅಳೆಯುವ ಜನರು ಎಲ್ಲಿಲ್ಲ? ಆ ವಿಷಯವನ್ನು ಇಲ್ಲಿ ವಿಸ್ತರಿಸುವುದು ಬೇಡ. ತಾವು ಅರ್ಥ ಮಾಡಿಕೊಳ್ಳಬಲ್ಲಿರಿ.

ಕೀರ್ತಿ ಬಂತು, ಹಣ ಬಂತು. ಆದರೆ ಕೀರ್ತಿ ಮತ್ತು ಹಣದ ಜೊತೆಗೆ ಬಾಟಲಿಯೂ ಬೆಳೆಯಿತು. ಪ್ರದರ್ಶನ ಮುಗಿದ ಮೇಲೆ ಕುಡಿಯುತ್ತಿದ್ದವರು ಪ್ರದರ್ಶನಕ್ಕೆ ಮೊದಲೂ ಕುಡಿಯತೊಡಗಿದರು. ಕುಡಿದಾಗ ಎಲ್ಲಿದ್ದೆ, ಏನು ಮಾಡಿದೆ ಎಂಬುದರ ನೆನಪೇ ಉಳಿಯದ ಸ್ಥಿತಿಯನ್ನು ಅವರು ತಲುಪಿದರು. ಸುತ್ತಲಿನವರ ಪಾಲಿಗೆ ಅದೂ ಒಂದು ತಮಾಷೆಯೇ ಆಗಿತ್ತು. ಹಾಸ್ಯಗಾರನೊಬ್ಬ ತೂರಾಡಿದರೆ ಅದು ರೋಗವೆಂದು ಯಾರಿಗೆ ಹೊಳೆಯುತ್ತದೆ?

1991ರ ಕ್ರಿಸ್ಮಸ್ ದಿನದ ಘಟನೆಯನ್ನು ಅವರೇ ಬಹಿರಂಗವಾಗಿ ಹೇಳಿಕೊಂಡಿದ್ದಾರೆ. ಲಂಡನಿನ ಮದ್ಯದಂಗಡಿಯೊಂದರ ಮೇಲಂತಸ್ತಿನಲ್ಲಿ, ಮೈಮೇಲಿನ ಬಟ್ಟೆಯನ್ನು ತಾನೇ ಹೊಲಸು ಮಾಡಿಕೊಂಡ ಸ್ಥಿತಿಯಲ್ಲಿ ಅವರಿಗೆ ಎಚ್ಚರವಾಯಿತು. ಇನ್ನು ಬದುಕುವುದು ಬೇಡ, ಟವರ್ ಸೇತುವೆಯಿಂದ ನದಿಗೆ ಹಾರಿಬಿಡುವುದೆಂದು ನಿಶ್ಚಯಿಸಿದರು. ಹೊರಡುವ ಹೊತ್ತಿಗೆ ಕೆಳಗಿನ ಅಂಗಡಿಯ ಪರಿಚಿತನೊಬ್ಬ ಹಬ್ಬದ ಶುಭಾಶಯ ಹೇಳಿ ಒಂದು ಲೋಟ ಶೆರ್ರಿ ಮದ್ಯವನ್ನು ಕೈಗಿತ್ತ. ಒಂದು ಲೋಟ ಎರಡಾಯಿತು, ಎರಡು ನಾಲ್ಕಾಯಿತು. ಕುಡಿತದ ಭರದಲ್ಲಿ ಸಾಯುವ ಸಂಗತಿಯೇ ಮರೆತುಹೋಯಿತು.

ಇದನ್ನು ಕೇಳಿ, ಹಾಗಾದರೆ ಅಂದು ಮದ್ಯವೇ ಪ್ರಾಣ ಉಳಿಸಿತಲ್ಲವೇ ಎಂದು ಯಾರಾದರೂ ಪ್ರಶ್ನಿಸಬಹುದು. ಪ್ರಶ್ನೆ ನ್ಯಾಯವಾದುದೇ. ಪವಿತ್ರ ಕುರ್‌ಆನ್ ಕೂಡ ಮದ್ಯದಲ್ಲಿ ಲಾಭವೇ ಇಲ್ಲವೆಂದು ಹೇಳಿಲ್ಲ. ಜನರಿಗೆ ಅದರಲ್ಲಿ ಕೆಲವು ಪ್ರಯೋಜನಗಳಿದ್ದರೂ ಅದರ ಕೇಡು ಪ್ರಯೋಜನಕ್ಕಿಂತ ದೊಡ್ಡದೆಂದು ಅಲ್ ಬಕರಃ ಅಧ್ಯಾಯದ 219ನೆಯ ವಚನವು ತಿಳಿಸುತ್ತದೆ. ಆ ಮನುಷ್ಯನನ್ನು ಸೇತುವೆಯ ತನಕ ಎಳೆದುಕೊಂಡು ಹೋಗುತ್ತಿದ್ದುದು ಯಾವುದು? ಅದೇ ಮದ್ಯ. ಒಂದು ದಿನದ ಮಟ್ಟಿಗೆ ಅದು ಕೈ ಸಡಿಲಿಸಿತು, ಅಷ್ಟೆ.

ಕೆಲವೇ ವಾರಗಳ ಬಳಿಕ, 1992ರ ಫೆಬ್ರವರಿ 18ರಂದು, ಅವರು ಮದ್ಯವನ್ನು ತ್ಯಜಿಸಿದರು. ಆಗ ಅವರ ವಯಸ್ಸು 29. ತನಗಿಂತ ಮುಂಚೆ ಕುಡಿತದಿಂದ ಹೊರಬಂದಿದ್ದ ಮಿತ್ರನೊಬ್ಬನ ನೆರವು ಕೇಳಿ ಚಿಕಿತ್ಸಾ ಕೇಂದ್ರವೊಂದಕ್ಕೆ ದಾಖಲಾದರು. ಇಲ್ಲಿ ಒಂದು ಸೂಕ್ಷ್ಮವಿದೆ. ಅವರು ಮೊದಲು ಮೊರೆಹೋದದ್ದು ಉಪದೇಶಕನಲ್ಲಿಗಲ್ಲ. ಅದೇ ಕೆಸರಿನಲ್ಲಿ ಬಿದ್ದು ಎದ್ದವನಲ್ಲಿಗೆ. ಉಪದೇಶ ಮಾಡುವ ನಮ್ಮಂಥವರಿಗೆ ಇದು ಸ್ವಲ್ಪ ಕಹಿಯೆನಿಸುವ ಸತ್ಯ.

ಅಲ್ಲಿಂದ ಮುಂದಿನದ್ದು ಏರುಮುಖದ ಕಥೆ. ಅದನ್ನು ಬೇಗನೆ ಹೇಳಿ ಮುಗಿಸುತ್ತೇವೆ. 1994ರಲ್ಲಿ ಅಮೆರಿಕಕ್ಕೆ ತೆರಳಿದರು. 1996ರಿಂದ 'ದ ಡ್ರೂ ಕ್ಯಾರಿ ಶೋ' ಎಂಬ ಟಿ.ವಿ. ಧಾರಾವಾಹಿಯಲ್ಲಿ ನೈಜೆಲ್ ವಿಕ್ ಎಂಬ ಕಂಪೆನಿ ಮೇಲಧಿಕಾರಿಯ ಪಾತ್ರ ದೊರೆಯಿತು. ಈ ಅಧಿಕಾರಿಯ ಗೀಳು ಏನೆಂದರೆ ನೌಕರರನ್ನು ಬಗೆಬಗೆಯ ರೀತಿಯಲ್ಲಿ ಕೆಲಸದಿಂದ ಕಿತ್ತೊಗೆಯುವುದು. ಒಂದು ಕಾಲದಲ್ಲಿ ಕಾರ್ಖಾನೆಯ ನೆಲದ ಮೇಲೆ ನಿಂತು ಕೆಲಸ ಕಲಿತ ಹುಡುಗ ಕಾರ್ಮಿಕರನ್ನು ಬೀದಿಗೆ ತಳ್ಳುವ ಧಣಿಯನ್ನು ನಕಲು ಮಾಡಿ ಕೋಟ್ಯಂತರ ನೋಡುಗರನ್ನು ನಗಿಸಿದ. ಆ ನಗೆಯು ಕೆಲಸ ಕಳೆದುಕೊಂಡವನ ಮೇಲಿನದ್ದಲ್ಲ, ಕಿತ್ತವನ ಮೇಲಿನದ್ದು.

ಚಿತ್ರೀಕರಣದ ಬಿಡುವಿನ ವೇಳೆಯಲ್ಲಿ ಅವರು ಚಿತ್ರಕಥೆಗಳನ್ನು ಬರೆಯತೊಡಗಿದರು. 2000ದಲ್ಲಿ ತೆರೆಕಂಡ 'ಸೇವಿಂಗ್ ಗ್ರೇಸ್' ಚಿತ್ರಕ್ಕೆ ಅವರು ಸಹಲೇಖಕರು, ನಟರೂ ಹೌದು. ಗಂಡ ಸತ್ತ ಮೇಲೆ ಆತ ತನ್ನ ತಲೆಯ ಮೇಲೆ ಭಾರೀ ಸಾಲ ಹೊರಿಸಿ ಹೋಗಿದ್ದಾನೆಂದು ಮಧ್ಯವಯಸ್ಸಿನ ವಿಧವೆಯೊಬ್ಬಳಿಗೆ ತಿಳಿಯುತ್ತದೆ. ಮನೆ ಉಳಿಸಿಕೊಳ್ಳಲು ಆಕೆ ಗಾಂಜಾ ಬೆಳೆಯುತ್ತಾಳೆ. ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಇದಕ್ಕೆ ಪ್ರೇಕ್ಷಕರ ಪ್ರಶಸ್ತಿ ಬಂತು. ಸಾಲದ ಬಗ್ಗೆ ಈ ಚಿತ್ರವು ನಿಜವನ್ನೇ ಹೇಳುತ್ತದೆ, ಗಾಂಜಾದ ಬಗ್ಗೆ ಹೇಳುವುದಿಲ್ಲ. ಮದ್ಯದಿಂದ ಅಷ್ಟೊಂದು ನರಳಿದ ಲೇಖಕನು ಇನ್ನೊಂದು ಅಮಲನ್ನು ಇಷ್ಟು ಹಗುರವಾಗಿ ಕಂಡದ್ದು ನಮಗೆ ಒಪ್ಪಿಗೆಯಾಗುವ ಸಂಗತಿಯಲ್ಲ. 2006ರಲ್ಲಿ ಒಂದು ಕಾದಂಬರಿಯನ್ನೂ, 2009ರಲ್ಲಿ ಆತ್ಮಕಥೆಯನ್ನೂ, 2019ರಲ್ಲಿ ಮತ್ತೊಂದು ನೆನಪುಗಳ ಪುಸ್ತಕವನ್ನೂ ಅವರು ಪ್ರಕಟಿಸಿದರು.

2005ರ ಜನವರಿಯಿಂದ 2014ರ ಡಿಸೆಂಬರ್ ತನಕ, ಸುಮಾರು ಹತ್ತು ವರ್ಷಗಳ ಕಾಲ, ಸಿಬಿಎಸ್ ವಾಹಿನಿಯಲ್ಲಿ ಮಧ್ಯರಾತ್ರಿಯ ನಂತರ ಪ್ರಸಾರವಾಗುತ್ತಿದ್ದ 'ದ ಲೇಟ್ ಲೇಟ್ ಶೋ' ಕಾರ್ಯಕ್ರಮವನ್ನು ಅವರು ನಡೆಸಿಕೊಟ್ಟರು. ಒಂದು ಮಾತನ್ನು ಸ್ಪಷ್ಟಪಡಿಸಿಬಿಡುತ್ತೇವೆ. ಅದು ಮನೆಮಂದಿಯೆಲ್ಲ ಕುಳಿತು ನೋಡುವ ಕಾರ್ಯಕ್ರಮವಾಗಿರಲಿಲ್ಲ. ಅದರಲ್ಲಿ ಅಶ್ಲೀಲದ ಅಂಚು ಮುಟ್ಟುವ ಮಾತುಗಳು ಬೇಕಾದಷ್ಟಿದ್ದವು. ಅದನ್ನು ಹುಡುಕಿ ನೋಡಿರೆಂದು ನಾವು ಶಿಫಾರಸು ಮಾಡುತ್ತಿಲ್ಲ. ಆ ಹತ್ತು ವರ್ಷಗಳ ಒಂದು ರಾತ್ರಿಯ ಸುಮಾರು 12 ನಿಮಿಷಗಳ ಮಾತಿಗಾಗಿ ಮಾತ್ರ ಅವರನ್ನು ಇಲ್ಲಿ ನೆನೆಯುತ್ತಿದ್ದೇವೆ.

ಅದು 2007ರ ಫೆಬ್ರವರಿ. ಇರಾಕಿಗೆ ಇನ್ನಷ್ಟು ಸೈನ್ಯ ಕಳುಹಿಸುವುದಾಗಿ ಅಧ್ಯಕ್ಷ ಬುಷ್ ಹಿಂದಿನ ತಿಂಗಳಷ್ಟೇ ಘೋಷಿಸಿದ್ದರು. ಬಗ್ದಾದಿನ ಮಾರುಕಟ್ಟೆಗಳಲ್ಲಿ ಬಾಂಬುಗಳು ಸ್ಫೋಟಿಸುತ್ತಿದ್ದವು. ಆದರೆ ಅಮೆರಿಕದ ಟಿ.ವಿ. ವಾಹಿನಿಗಳು ಮುಗಿಬಿದ್ದದ್ದು ಯಾವುದರ ಮೇಲೆ? ಬ್ರಿಟ್ನಿ ಸ್ಪಿಯರ್ಸ್ ಎಂಬ 25 ವರ್ಷದ ಗಾಯಕಿ, ಎರಡು ಎಳೆ ಮಕ್ಕಳ ತಾಯಿ, ಫೆಬ್ರವರಿ 16ರಂದು ಕ್ಷೌರದಂಗಡಿಗೆ ಹೊಕ್ಕು ತನ್ನ ತಲೆಯನ್ನು ತಾನೇ ಬೋಳಿಸಿಕೊಂಡಳು. ಕಿಟಕಿಯ ಹೊರಗೆ ಕ್ಯಾಮರಾಗಳು ಗುಂಪುಗೂಡಿದ್ದವು. ಆಕೆಯ ಮನಸ್ಸು ಮುರಿದು ಬೀಳುತ್ತಿತ್ತು, ಇಡೀ ದೇಶವೇ ನಗುತ್ತಿತ್ತು. ಪ್ರತಿ ರಾತ್ರಿಯ ಹಾಸ್ಯ ಕಾರ್ಯಕ್ರಮಕ್ಕೂ ಅದು ಪುಕ್ಕಟೆ ಸಿಕ್ಕಿದ ಸರಕಾಗಿತ್ತು.

ಫರ್ಗುಸನ್ ಅದೇ ವಾರಾಂತ್ಯದಲ್ಲಿ ಮದ್ಯ ಬಿಟ್ಟು 15 ವರ್ಷಗಳನ್ನು ಪೂರೈಸಿದ್ದರು. ಅನಂತರದ ಪ್ರಸಾರದಲ್ಲಿ ಕ್ಯಾಮರಾದ ಮುಂದೆ ನಿಂತು, ಇಂದು ಬ್ರಿಟ್ನಿಯ ಬಗ್ಗೆ ತಾನು ಒಂದೇ ಒಂದು ಹಾಸ್ಯವನ್ನೂ ಮಾಡುವುದಿಲ್ಲವೆಂದು ಸಾರಿದರು. ಆಕೆಯ ಕಾಯಿಲೆ ಏನೆಂಬುದು ತನಗೆ ತಿಳಿಯದು, ಆದರೆ ಆಕೆಗೆ ನೆರವಿನ ಅಗತ್ಯವಿದೆಯೆಂಬುದು ಕಣ್ಣಿದ್ದವರಿಗೆಲ್ಲ ಕಾಣುತ್ತಿದೆ ಎಂದರು. ಹಾಸ್ಯವು ಅಧಿಕಾರಸ್ಥರ, ರಾಜಕಾರಣಿಗಳ, ಜಂಬದ ಮನುಷ್ಯರ ಬೆನ್ನು ಹತ್ತಬೇಕೇ ಹೊರತು ದುರ್ಬಲರ ಬೆನ್ನನ್ನಲ್ಲ ಎಂಬುದು ಅವರ ಮಾತಿನ ಸಾರ. ಬಳಿಕ ತಮ್ಮ ಸ್ವಂತ ಕಥೆ ಹೇಳಿದರು. ನಾವು ಈಗಾಗಲೇ ಪ್ರಸ್ತಾಪಿಸಿದ ಆ ಕ್ರಿಸ್ಮಸ್ ಬೆಳಗು, ಹೊಲಸಾದ ಬಟ್ಟೆ, ಸೇತುವೆ - ಒಂದನ್ನೂ ಮುಚ್ಚಿಡಲಿಲ್ಲ. ನಗಲು ಬಂದಿದ್ದ ಸಭಿಕರಿಂದ ಅಲ್ಲಲ್ಲಿ ನಗು ಕೇಳಿಸುತ್ತದೆ, ಅನಂತರ ಮೌನ ಕೇಳಿಸುತ್ತದೆ.

ನಗೆಯಿಂದಲೇ ಸಂಬಳ ಪಡೆಯುವ ಮನುಷ್ಯನು, ಎಲ್ಲರೂ ನಗುತ್ತಿರುವಾಗ, ತಾನು ನಗಿಸಲಾರೆನೆಂದು ಹೇಳುವುದು ಸಣ್ಣ ಸಂಗತಿಯಲ್ಲ. ವ್ಯಾಪಾರಿಯೊಬ್ಬ ಸಂತೆಯ ದಿನ ಅಂಗಡಿ ಮುಚ್ಚಿದಂತೆ ಅದು. ಅವರಿಗೆ ಹಾಗೆ ಮಾಡಲು ಸಾಧ್ಯವಾದದ್ದೇಕೆ? ಆಕೆಯ ಸ್ಥಾನದಲ್ಲಿ ಅವರು ತಮ್ಮನ್ನು ಕಂಡಿದ್ದರು. ಜನರು ನಗುತ್ತಿದ್ದ ಆ ತೂರಾಟದ ಒಳಗೆ ಏನಿರುತ್ತದೆಂಬುದು ಅವರಿಗೆ ಗೊತ್ತಿತ್ತು.

ಸಹೋದರರೇ, ಒಂದು ಗುಂಪು ಇನ್ನೊಂದು ಗುಂಪನ್ನು, ಸ್ತ್ರೀಯರು ಇತರ ಸ್ತ್ರೀಯರನ್ನು ಗೇಲಿ ಮಾಡಬಾರದು, ಗೇಲಿಗೊಳಗಾದವರು ಗೇಲಿ ಮಾಡುವವರಿಗಿಂತ ಉತ್ತಮರಾಗಿರಬಹುದೆಂದು ಅಲ್ ಹುಜುರಾತ್ ಅಧ್ಯಾಯದ 11ನೆಯ ವಚನವು ನಮಗೆ ಕಲಿಸಿದೆ. ಅಡ್ಡಹೆಸರಿಟ್ಟು ಕರೆಯುವುದನ್ನೂ ಅಲ್ಲಿಯೇ ನಿಷೇಧಿಸಲಾಗಿದೆ. ಇಸ್ಲಾಮ್ ನಗೆಯ ವಿರೋಧಿಯೆಂದು ಇದರ ಅರ್ಥವಲ್ಲ. ಪ್ರವಾದಿವರ್ಯರು(ಸ) ವಿನೋದಪ್ರಿಯರಾಗಿದ್ದರು. ಸವಾರಿಗೆ ಪ್ರಾಣಿಯೊಂದನ್ನು ಕೇಳಿಕೊಂಡು ಬಂದವನಿಗೆ ಒಂಟೆಯ ಮರಿಯನ್ನು ಕೊಡುವೆನೆಂದು ಹೇಳಿದರು. ಮರಿಯನ್ನು ಕಟ್ಟಿಕೊಂಡು ಏನು ಮಾಡಲಿ ಎಂದು ಆತ ಪೇಚಾಡಿದಾಗ, ಪ್ರತಿಯೊಂದು ಒಂಟೆಯೂ ಒಂದು ಒಂಟೆಯ ಮರಿಯೇ ಅಲ್ಲವೇ ಎಂದು ನಕ್ಕ ಪ್ರಸಂಗ ನಿಮಗೆ ತಿಳಿದೇ ಇದೆ. ಅದರಲ್ಲಿ ಸುಳ್ಳಿರಲಿಲ್ಲ, ಯಾರ ಮಾನವೂ ಹೋಗಲಿಲ್ಲ.

ಆದರೆ ಇನ್ನೊಂದು ಪ್ರಸಂಗವಿದೆ. ನಮ್ಮ ಪ್ರವಚನಗಳಲ್ಲಿ ಅದು ಅಪರೂಪಕ್ಕೊಮ್ಮೆ ಮಾತ್ರ ಕೇಳಿಬರುತ್ತದೆ. ಸಹೀಹ್ ಬುಖಾರಿಯಲ್ಲಿ ಹ. ಉಮರ್(ರ) ಅವರಿಂದ ವರದಿಯಾದುದು. ಪ್ರವಾದಿವರ್ಯರ(ಸ) ಕಾಲದಲ್ಲಿ ಅಬ್ದುಲ್ಲಾ ಎಂಬವರೊಬ್ಬರಿದ್ದರು. ಅವರು ಪ್ರವಾದಿವರ್ಯರನ್ನು(ಸ) ನಗಿಸುತ್ತಿದ್ದರು. ಹೌದು, ಮದೀನಾದಲ್ಲಿಯೂ ಒಬ್ಬ ನಗೆಗಾರರಿದ್ದರು. ಆದರೆ ಅವರಿಗೆ ಕುಡಿತದ ಚಟವಿತ್ತು. ಅದಕ್ಕಾಗಿ ಶಿಕ್ಷೆಯೂ ಆಗಿತ್ತು. ಮತ್ತೊಂದು ದಿನ ಪುನಃ ಅದೇ ತಪ್ಪಿಗಾಗಿ ಅವರನ್ನು ಕರೆತಂದಾಗ, ಎಷ್ಟು ಸಲ ಇವನನ್ನು ಹೀಗೆ ತರುವುದು ಎಂದು ಬೇಸತ್ತ ಒಬ್ಬರು ಅವರನ್ನು ಶಪಿಸಿಬಿಟ್ಟರು. ಪ್ರವಾದಿವರ್ಯರು(ಸ) ಕೂಡಲೇ ತಡೆದರು. ಶಪಿಸಬೇಡಿ, ಈತ ಅಲ್ಲಾಹನನ್ನೂ ಅವನ ಸಂದೇಶವಾಹಕನನ್ನೂ ಪ್ರೀತಿಸುವವನು ಎಂಬರ್ಥದ ಮಾತನ್ನಾಡಿದರು.

ಆ ಘಟನೆಯನ್ನು ಸರಿಯಾಗಿ ನೋಡಬೇಕು. ಶಿಕ್ಷೆ ಕೈಬಿಡಲಿಲ್ಲ, ನಿಷಿದ್ಧವು ಧರ್ಮಸಮ್ಮತವಾಗಲಿಲ್ಲ. ಆದರೆ ಪದೇಪದೇ ಬೀಳುತ್ತಿದ್ದ ಆ ಮನುಷ್ಯನನ್ನು ಸಮುದಾಯದಿಂದ ಹೊರಗೆಸೆಯಲಿಲ್ಲ. ಆತನ ಎದೆಯಲ್ಲಿ ಪ್ರೀತಿಯಿದೆಯೆಂದು ಎಲ್ಲರ ಮುಂದೆ ಸಾಕ್ಷಿ ನುಡಿಯಲಾಯಿತು. ಇಂದು ನಮ್ಮ ಮೊಹಲ್ಲಾಗಳಲ್ಲಿ ಕುಡುಕನಿಗೆ ಸಿಗುವುದೇನು? ಬೀದಿಯ ಹುಡುಗರಿಂದ ಗೇಲಿ, ಹಿರಿಯರಿಂದ ಶಾಪ. ಆತನ ಹೆಸರು ಮರೆತುಹೋಗಿ ಅಡ್ಡಹೆಸರು ಉಳಿಯುತ್ತದೆ. ಮದುವೆ ಮನೆಗಳಲ್ಲಿ ಆತನ ನಡಿಗೆಯನ್ನು ಅಣಕಿಸಿ ತೋರಿಸುವ ಯುವಕರಿದ್ದಾರೆ. ಆತನ ಹೆಂಡತಿ ಬೇಲಿಯಾಚೆ ನಿಂತು ಅದನ್ನು ಕೇಳಿಸಿಕೊಳ್ಳುತ್ತಾಳೆ.

ಇನ್ನು ಕೆಲವು ಮನೆಗಳಲ್ಲಿ ಗೇಲಿಯಿಲ್ಲ, ಶಾಪವೂ ಇಲ್ಲ. ಅಲ್ಲಿರುವುದು ಮೌನ. ನಮ್ಮಲ್ಲಿ ಕುಡಿತವೇ ಇಲ್ಲವೆಂಬ ಸುಳ್ಳನ್ನು ಕಾಪಾಡುವುದಕ್ಕಾಗಿ ತಾಯಂದಿರು ಮಗನ ಕೋಣೆಯ ಬಾಗಿಲು ಮುಚ್ಚುತ್ತಾರೆ. ಕೇಳಿದವರಿಗೆ 'ಜ್ವರ' ಎನ್ನುತ್ತಾರೆ. ಕುಡಿತ ಇಲ್ಲದ ಸಮುದಾಯದಲ್ಲಿ ಕುಡುಕನಿಗೆ ಚಿಕಿತ್ಸೆ ಎಲ್ಲಿಂದ ಬರಬೇಕು? ಹೆಣ್ಣು ಕೊಡುವಾಗ ತಿಳಿಯಬಾರದು, ತಂಗಿಯ ಸಂಬಂಧ ಮುರಿಯಬಾರದು ಎಂಬ ಅವರ ಭಯ ಆಧಾರರಹಿತವೇನೂ ಅಲ್ಲ. ಆ ಭಯವನ್ನು ಹುಟ್ಟಿಸಿದವರು ನಾವೇ, ಅಂದರೆ ಸಂಬಂಧ ಮುರಿಯುವವರು. ಫರ್ಗುಸನ್‌ಗೆ ಒಬ್ಬ ಮಿತ್ರನಿದ್ದ, ತಾನೂ ಕುಡುಕನಾಗಿದ್ದೆನೆಂದು ನಾಚದೆ ಹೇಳಿಕೊಂಡಿದ್ದ ಮಿತ್ರ. ನಮ್ಮ ಪೈಕಿ ಕುಡಿತ ಬಿಟ್ಟವರು ಇಲ್ಲವೇ? ಖಂಡಿತ ಇದ್ದಾರೆ. ಆದರೆ ಅವರು ಬಾಯಿ ತೆರೆಯುವ ವಾತಾವರಣವನ್ನು ನಾವು ಉಳಿಸಿಲ್ಲ.

ಬ್ರಿಟ್ನಿಯ ಕಥೆ ಅಲ್ಲಿಗೆ ಮುಗಿಯಲಿಲ್ಲ. 2008ರಲ್ಲಿ ಆಕೆಯ ಬದುಕು, ಹಣ, ಸಂಚಾರಗಳೆಲ್ಲವೂ ನ್ಯಾಯಾಲಯದ ಆದೇಶದಂತೆ ಆಕೆಯ ತಂದೆಯ ಹತೋಟಿಗೆ ಹೋದವು. ಅದು ರದ್ದಾದದ್ದು 2021ರ ನವೆಂಬರಿನಲ್ಲಿ. ಆ ವರ್ಷ ಆಕೆಯ ಕುರಿತು ಸಾಕ್ಷ್ಯಚಿತ್ರವೊಂದು ಬಂದಾಗ, ಅಂದು ನಕ್ಕಿದ್ದ ಅಮೆರಿಕವು ನಾಚಿಕೊಂಡು ಹಳೆಯ ಕಡತಗಳನ್ನು ತಡಕಿತು. ಆಗ ಫರ್ಗುಸನ್‌ರ ಆ 12 ನಿಮಿಷಗಳು ಮತ್ತೆ ಮೇಲೆ ಬಂದವು. 14 ವರ್ಷಗಳ ಬಳಿಕ ಜನ ಅದನ್ನು ಪರಸ್ಪರ ಕಳುಹಿಸಿಕೊಂಡರು. ಮಾಧ್ಯಮಗಳಿಗೆ ವಿವೇಕ ಬರುವುದು ಬಹುಮಟ್ಟಿಗೆ ಹೀಗೆ, ತಡವಾಗಿ.

ದುರ್ಬಲರನ್ನು ಬಿಟ್ಟು ಪ್ರಬಲರ ಬೆನ್ನು ಹತ್ತುವೆನೆಂದ ಮಾತನ್ನು ಅವರು ಉಳಿಸಿಕೊಂಡರೇ? ಎಲ್ಲ ಸಂದರ್ಭಗಳಲ್ಲೂ ಉಳಿಸಿಕೊಂಡರೆಂದು ನಾವು ಹೇಳಲಾರೆವು. 2008ರ ಏಪ್ರಿಲ್‌ನಲ್ಲಿ ಶ್ವೇತಭವನದ ವರದಿಗಾರರ ಔತಣಕೂಟದಲ್ಲಿ ಅಧ್ಯಕ್ಷ ಬುಷ್ ಅವರ ಸಮ್ಮುಖದಲ್ಲಿಯೇ ಅವರು ಹಾಸ್ಯಭಾಷಣ ಮಾಡಿದರು. ಕೆಣಕುವುದೇನೋ ಕೆಣಕಿದರು. ಆದರೆ ಇರಾಕನ್ನು ಸುಟ್ಟವರ ಜೊತೆ ಒಂದೇ ಪಂಕ್ತಿಯಲ್ಲಿ ಕುಳಿತು ಉಂಡು ಮಾಡುವ ಕೆಣಕಾಟದ ಮೊನೆ ಎಷ್ಟು ಹರಿತವಾಗಿರಬಲ್ಲದು?

ಇದಕ್ಕಿಂತ ನಮಗೆ ಮೆಚ್ಚುಗೆಯಾದುದು 2009ರ ಮಾರ್ಚ್ ತಿಂಗಳ ಪ್ರಸಾರ. ಅಂದು ಅವರ ಅತಿಥಿ ದಕ್ಷಿಣ ಆಫ್ರಿಕದ ಆರ್ಚ್‌ಬಿಷಪ್ ಡೆಸ್ಮಂಡ್ ಟುಟು. ವರ್ಣಭೇದ ನೀತಿಯ ವಿರುದ್ಧ ಹೋರಾಡಿದ, ಫೆಲೆಸ್ತೀನಿಯರ ಪಾಡನ್ನು ಅದೇ ವರ್ಣಭೇದಕ್ಕೆ ಹೋಲಿಸಲು ಅಂಜದ, 2008ರಲ್ಲಿ ಗಾಝಾಕ್ಕೆ ಹೋಗಿ ಬಂದಿದ್ದ ಅದೇ ಟುಟು. ಫರ್ಗುಸನ್ ಅಂದು ಎಂದಿನ ಚಟಾಕಿಗಳ ಜಾಗದಲ್ಲಿ ದಕ್ಷಿಣ ಆಫ್ರಿಕದ ಚರಿತ್ರೆಯನ್ನು ನೋಡುಗರಿಗೆ ಬಿಡಿಸಿ ಹೇಳಿ, ಬಳಿಕ ಆ ವೃದ್ಧರೊಡನೆ ಕ್ಷಮೆ ಮತ್ತು ಸತ್ಯದ ಬಗ್ಗೆ ಮಾತಿಗೆ ಕುಳಿತರು. ಆ ಸಂಚಿಕೆಗೆ ಪೀಬಡಿ ಪ್ರಶಸ್ತಿ ದೊರೆಯಿತು.

ಕೊನೆಯದಾಗಿ ಆ 2007ರ ರಾತ್ರಿಯ ಒಂದು ಸಣ್ಣ ವಿವರ. ಮಾತು ಮುಗಿಸುವ ಮೊದಲು ಫರ್ಗುಸನ್, ತನಗೂ ಇಂತಹ ತೊಂದರೆ ಇದೆಯೆಂದು ಅನಿಸಿದವರು ಎಲ್ಲಿಗೆ ಹೋಗಬೇಕೆಂದು ಸೂಚಿಸಿದರು. ಸಂಸ್ಥೆಯ ಹೆಸರು ಹೇಳಲಿಲ್ಲ, ಏಕೆಂದರೆ ಹೆಸರು ಗುಪ್ತವಾಗಿರುವುದೇ ಅಂತಹ ಕೂಟಗಳ ನಿಯಮ. ಟೆಲಿಫೋನ್ ಪುಸ್ತಕ ತೆರೆಯಿರಿ, ಆರಂಭದ ಪುಟಗಳಲ್ಲೇ ಅದು ಸಿಗುತ್ತದೆ ಎಂದಷ್ಟೇ ಹೇಳಿದರು.

ಟೆಲಿಫೋನ್ ಪುಸ್ತಕದ ಕಾಲ ಈಗ ಮುಗಿದಿದೆ. ಆದುದರಿಂದ ನಾವು ಒಂದು ಹಾಳೆಯನ್ನು ಅಚ್ಚು ಹಾಕಿಸಿ ತಂದಿದ್ದೇವೆ. ಕೇಂದ್ರ ಸರಕಾರದ ಅಮಲು ಬಿಡಿಸುವ ಉಚಿತ ಸಹಾಯವಾಣಿ 14446, ಮಾನಸಿಕ ಆರೋಗ್ಯದ ಟೆಲಿ ಮಾನಸ್ ಸಹಾಯವಾಣಿ 14416, ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ವ್ಯಸನ ಚಿಕಿತ್ಸೆಗೆಂದೇ ಇರುವ ವಿಭಾಗದ ಮಾಹಿತಿ - ಇವು ಅದರಲ್ಲಿವೆ. ಹಾಳೆಗಳು ಬಾಗಿಲ ಬಳಿಯ ಮೇಜಿನ ಮೇಲೂ, ಮಹಿಳೆಯರ ವಿಭಾಗದಲ್ಲೂ ಇವೆ. ಮೇಜಿನ ಬಳಿ ಯಾರನ್ನೂ ಕೂರಿಸಿಲ್ಲ. ಯಾರೂ ಹೆಸರು ಬರೆಯಬೇಕಾಗಿಲ್ಲ, ಯಾರಿಗಾಗಿ ಒಯ್ಯುತ್ತಿದ್ದೀರೆಂದು ಯಾರೂ ಕೇಳುವುದಿಲ್ಲ.